ವೇದಿಕೆ ಕೊಡಿಸುತ್ತೇವೆ ಅಂತ ನಮ್ಮಿಂದಲೇ ದುಡ್ಡು ಕೇಳುವವರಿದ್ದಾರೆ, ಹುಷಾರು

ಕಂಪನಿಗಳ ಕಾರ್ಯಕ್ರಮದಲ್ಲಿ ಮಾತಾಡುವ ಅವಕಾಶ ಕೊಡಿಸುತ್ತೇವೆ, ಮೊದಲು ಇಷ್ಟು ಕಟ್ಟಿ ಅಂತ ಯಾರಾದರೂ ಫೋನ್ ಮಾಡಿದರೆ ದಯವಿಟ್ಟು ಕಟ್ಟಬೇಡಿ. ನಾನು ಕಟ್ಟಿದೆ. 71,100 ರೂಪಾಯಿ ಹೋಯಿತು. ಅದರ ಮೇಲೆ ನಾನು ದುಡಿದ 21,000 ರೂಪಾಯಿಯೂ ಇನ್ನೂ ಬಂದಿಲ್ಲ. ಪ್ರಕರಣ ನಡೆಯುತ್ತಿರುವುದರಿಂದ ಆ ಸಂಸ್ಥೆಯ ಹೆಸರು ಹಾಕುವುದಿಲ್ಲ. ಆದರೆ ನಡೆದದ್ದನ್ನೆಲ್ಲ ಬರೆಯುತ್ತೇನೆ, ಯಾಕಂದರೆ ನಮ್ಮ ಊರಿನಲ್ಲೇ ಇನ್ನೂ ಇಬ್ಬರಿಗೆ ಇದೇ ಥರ ಕರೆ ಬಂದಿದೆ ಅಂತ ಕಳೆದ ವಾರ ಗೊತ್ತಾಯಿತು.

ನಾನು ದಾವಣಗೆರೆಯವಳು, ಮನೆ ವಿದ್ಯಾನಗರದಲ್ಲಿ. 18 ವರ್ಷ ಪಿಯು ಕಾಲೇಜಿನಲ್ಲಿ ಅಕೌಂಟೆನ್ಸಿ ಪಾಠ ಮಾಡಿದ್ದೇನೆ. ಅದರ ಜೊತೆಗೆ ಸಹಕಾರ ಸಂಘಗಳ ಸಿಬ್ಬಂದಿಗೆ, ಬೀಜ ಗೊಬ್ಬರದ ಡೀಲರ್‌ಗಳ ಸಭೆಯಲ್ಲಿ, ಸ್ತ್ರೀಶಕ್ತಿ ಗುಂಪುಗಳಲ್ಲಿ ಹಣದ ಶಿಸ್ತಿನ ಬಗ್ಗೆ ಮಾತಾಡುತ್ತಿದ್ದೆ. ನಮ್ಮ ಕಡೆಯವರು ಭಾಷಣ ಕೇಳಿಕೊಂಡೇ ಬೆಳೆದವರು. ಸಿರಿಗೆರೆ ತರಳಬಾಳು ಹುಣ್ಣಿಮೆಗೆ, ಸಾಣೇಹಳ್ಳಿ ನಾಟಕೋತ್ಸವಕ್ಕೆ ಚಿಕ್ಕಂದಿನಿಂದ ಹೋಗಿ ಮುಂದೆ ಕೂತವಳು ನಾನು. ಮಾತಾಡಿದವರಿಗೆ ಒಂದು ಶಾಲು, ಹಾರ, ಹಣ್ಣಿನ ಬುಟ್ಟಿ, ನೆನಪಿನ ಕಾಣಿಕೆ, ಹೋಗುವಾಗ ಬಸ್ ಚಾರ್ಜಿಗೆ ಅಂತ ಒಂದು ಲಕೋಟೆ. ಎಷ್ಟು ಕೊಡುತ್ತೀರಿ ಅಂತ ಬಾಯಿಬಿಟ್ಟು ಕೇಳುವುದು ನಮ್ಮಲ್ಲಿ ಮರ್ಯಾದೆಯಲ್ಲ. ಈ ಸಂಕೋಚ ಒಳ್ಳೆಯದೇ ಇರಬಹುದು, ಆದರೆ ನನ್ನ ವಿಷಯದಲ್ಲಿ ಎಲ್ಲ ಹಾಳಾಗಿದ್ದು ಅಲ್ಲಿಂದಲೇ.

2024ರ ಜುಲೈ. ಬೆಂಗಳೂರಿನಿಂದ ಒಂದು ಕರೆ. "ಮೇಡಂ, ಡೀಲರ್ ಸಭೆಯಲ್ಲಿ ನೀವು ಮಾತಾಡಿದ ವಿಡಿಯೋ ನೋಡಿದೆವು. ನಿಮ್ಮಂಥವರು ಇನ್ನೂ ಊರಲ್ಲೇ ಯಾಕಿದ್ದೀರಿ?" ಅಂದರು. ಮೂಗಿಗೆ ತುಪ್ಪ ಸವರುವುದು ಅಂದರೆ ಇದೇ. ಆವತ್ತು ನನಗೆ ಅದು ತುಪ್ಪ ಅಂತ ಅನ್ನಿಸಲಿಲ್ಲ, ನಿಜ ಅಂತಲೇ ಅನ್ನಿಸಿತು. ಕಂಪನಿಗಳ ವಾರ್ಷಿಕ ಸಭೆಗಳಲ್ಲಿ ಕೀನೋಟ್, ಅಂದರೆ ಮುಖ್ಯ ಭಾಷಣ, ಕೊಡುವವರಿಗೆ ಒಂದು ಗಂಟೆಗೆ ಲಕ್ಷಗಟ್ಟಲೆ ಕೊಡುತ್ತಾರೆ, ಕನ್ನಡದಲ್ಲಿ ಮಾತಾಡುವವರು ಕಡಿಮೆ, ಬೇಡಿಕೆ ಜಾಸ್ತಿ ಅಂದರು. ಇದರಲ್ಲಿ ಸುಳ್ಳೇನೂ ಇರಲಿಲ್ಲ. ಹಾಗೆ ಕೊಡುವ ಕಂಪನಿಗಳು ನಿಜವಾಗಿಯೂ ಇವೆ. ಒಂದು ನಿಜ ಹೇಳಿ ಅದರ ಹಿಂದೆ ನಾಲ್ಕು ಸುಳ್ಳು ಪೋಣಿಸಿದರೆ ನಂಬದೆ ಇರುವುದು ಕಷ್ಟ ಅಲ್ವಾ?

ಅವರ ಲೆಕ್ಕ ಹೀಗಿತ್ತು. ಎರಡು ದಿನದ ತರಬೇತಿಗೆ 45,000, ಅದರ ಮೇಲೆ ಶೇ 18 ಜಿಎಸ್‌ಟಿ 8,100, ಒಟ್ಟು 53,100. ಪರಿಚಯದ ವಿಡಿಯೋಗೆ 18,000. ಇಷ್ಟು ಕಟ್ಟಿದರೆ 'ಪ್ರಮಾಣಿತ ಕೀನೋಟ್ ಭಾಷಣಕಾರರು' ಅನ್ನುವ ಸರ್ಟಿಫಿಕೇಟ್, ಅವರ ಪಟ್ಟಿಯಲ್ಲಿ ಹೆಸರು, ವರ್ಷಕ್ಕೆ 10 ವೇದಿಕೆ. 10 ವೇದಿಕೆಯ ಮಾತು ಫೋನಿನಲ್ಲಿ ಮಾತ್ರ ಬಂತು. ಕಾಗದದಲ್ಲಿ 'ಅವಕಾಶಕ್ಕೆ ಪ್ರಯತ್ನಿಸಲಾಗುವುದು' ಅಂತ ಇತ್ತು. ನಾನು ಅದನ್ನು ಓದಿದೆ, ಓದಿಯೂ ಸಹಿ ಹಾಕಿದೆ. ನಮ್ಮ ಮನೆಯವರು "ಕೆಲಸ ಕೊಡುವವರು ನಮ್ಮ ಹತ್ತಿರ ಯಾಕೆ ದುಡ್ಡು ಕೇಳ್ತಾರೆ?" ಅಂತ ಒಂದೇ ಪ್ರಶ್ನೆ ಕೇಳಿದರು. ನನ್ನ ಹತ್ತಿರ ಉತ್ತರ ಇರಲಿಲ್ಲ, ಅದಕ್ಕೆ ಸಿಟ್ಟು ಮಾಡಿಕೊಂಡೆ. ಮಗಳ ಫೀಸಿಗೆ ಇಟ್ಟಿದ್ದ ಆರ್‌ಡಿ ಮುರಿದು ಕಟ್ಟಿದೆ.

ತರಬೇತಿ ಆಗಸ್ಟಿನಲ್ಲಿ, ಬೆಂಗಳೂರಿನ ಒಂದು ಹೋಟೆಲಿನ ಹಾಲ್‌ನಲ್ಲಿ. ಮಧ್ಯಾಹ್ನದ ವಂದೇ ಭಾರತ್ ಹಿಡಿದು ಹಿಂದಿನ ರಾತ್ರಿಯೇ ಹೋದೆ. ಅಲ್ಲಿ ನನ್ನ ಹಾಗೆ 32 ಜನ. ಹಾಸನದಿಂದ ಒಬ್ಬ ನಿವೃತ್ತ ಬ್ಯಾಂಕ್ ಮ್ಯಾನೇಜರ್, ಹುಬ್ಬಳ್ಳಿಯಿಂದ ಒಬ್ಬ ಯೋಗ ಶಿಕ್ಷಕಿ, ಕಾಲೇಜು ಮೇಷ್ಟ್ರುಗಳು. ಎಲ್ಲರಿಗೂ ಅದೇ ಫೋನ್ ಬಂದಿತ್ತು, ಎಲ್ಲರ ವಿಡಿಯೋವನ್ನೂ ಅವರು 'ನೋಡಿದ್ದರು'. 32 ಜನಕ್ಕೆ ವರ್ಷಕ್ಕೆ 10 ಅಂದರೆ 320 ವೇದಿಕೆ. ಊಟದ ಹೊತ್ತಿಗೆ ಈ ಲೆಕ್ಕ ತಲೆಗೆ ಬಂತು. ಎದ್ದು ಕೇಳಬೇಕಿತ್ತು. ಸಂಕೋಚ ಬಿಡಲಿಲ್ಲ.

ಅಲ್ಲಿ ಹೇಳಿಕೊಟ್ಟದ್ದು ನಿಲ್ಲುವ ಭಂಗಿ, ಕೈ ಎಲ್ಲಿಡಬೇಕು, ಕಥೆಯಿಂದ ಶುರು ಮಾಡಿ, ಇಷ್ಟೇ. ಇದನ್ನೇ ಟೋಸ್ಟ್‌ಮಾಸ್ಟರ್ಸ್ ಕ್ಲಬ್ಬುಗಳಲ್ಲಿ ತುಂಬಾ ಕಡಿಮೆ ಚಂದಾಕ್ಕೆ ಕಲಿಯಬಹುದು. 1924ರಲ್ಲಿ ಅಮೆರಿಕದಲ್ಲಿ ಶುರುವಾದ ಕೂಟ ಅದು, ಒಬ್ಬರು ಮಾತಾಡಿದ್ದನ್ನು ಇನ್ನೊಬ್ಬರು ಕೇಳಿ ತಿದ್ದುತ್ತಾರೆ. ಈ ವೃತ್ತಿಗೆ ನಿಜವಾಗಿ ಬೇಕಾದದ್ದನ್ನು ಆ ಹಾಲ್‌ನಲ್ಲಿ ಯಾರೂ ಹೇಳಲಿಲ್ಲ. ಕರಾರು ಹೇಗೆ ಬರೆಯಬೇಕು, ಮುಂಗಡ ಎಷ್ಟು ಕೇಳಬೇಕು, ಕಾರ್ಯಕ್ರಮ ರದ್ದಾದರೆ ಏನು, ವಿಡಿಯೋ ಯಾರದ್ದು, ಒಂದೂ ಇಲ್ಲ.

ಆಮೇಲೆ ಮೂರು ತಿಂಗಳು ಸುದ್ದಿಯಿಲ್ಲ. ನಾನೇ ಮೇಲಿಂದ ಮೇಲೆ ಫೋನ್ ಮಾಡಿದ ಮೇಲೆ ನವೆಂಬರಿನಲ್ಲಿ ಒಂದು ಕಾರ್ಯಕ್ರಮ ಬಂತು. ಕೃಷಿ ಉಪಕರಣದ ಒಂದು ಕಂಪನಿಯ ಡೀಲರ್‌ಗಳ ವಾರ್ಷಿಕ ಸಭೆ, ಬೆಂಗಳೂರಿನ ಹೊರಗೆ ಒಂದು ರೆಸಾರ್ಟಿನಲ್ಲಿ. ನನ್ನ ಸಂಭಾವನೆ 40,000 ಅಂದರು. ಅಷ್ಟು ದುಡ್ಡು ಒಂದು ಮಾತಿಗೆ ನಾನು ಕಂಡವಳಲ್ಲ. ಹತ್ತು ದಿನ ಕೂತು ತಯಾರಿ ಮಾಡಿದೆ. ಡೀಲರ್‌ಗಳ ಉದ್ರಿ ವ್ಯಾಪಾರದ ಬಗ್ಗೆ ತಿಳಿಯಲು ನಮ್ಮ ಎಪಿಎಂಸಿಗೆ ಹೋಗಿ ಮೆಕ್ಕೆಜೋಳದ ವರ್ತಕರ ಜೊತೆ ಎರಡು ದಿನ ಕೂತೆ. ಆ ತಯಾರಿಯ ಬಗ್ಗೆ ನನಗೆ ಈಗಲೂ ಹೆಮ್ಮೆ ಇದೆ.

ಕೀನೋಟ್ ಅನ್ನುವುದು ಹಾಡಿಗೆ ಮೊದಲು ಶ್ರುತಿ ಕೊಡುತ್ತಾರಲ್ಲ, ಆ ಅರ್ಥದಿಂದ ಬಂದ ಮಾತು. ಇಡೀ ದಿನದ ಸಭೆಗೆ ಶ್ರುತಿ ಹಿಡಿಸುವ ಭಾಷಣ ಅದು, ಬೆಳಿಗ್ಗೆ ಮೊದಲಿಗೇ ಇರುತ್ತದೆ, ಮುಕ್ಕಾಲು ಗಂಟೆಯಿಂದ ಒಂದು ಗಂಟೆ. ನನಗೆ ಸಿಕ್ಕಿದ್ದು ಊಟ ಆದ ಮೇಲೆ, ಬಹುಮಾನ ಹಂಚುವ ಮುಂಚೆ, 20 ನಿಮಿಷ. ಕ್ಲಿಕ್ಕರ್ ಕೆಲಸ ಮಾಡಲಿಲ್ಲ, ಮೈಕ್ ಮೊದಲೇ ನೋಡಲು ಬಿಡಲಿಲ್ಲ. ಆದರೂ ಜನ ಕೇಳಿದರು. ಹಿಂದಿನ ಸಾಲಿನಲ್ಲಿದ್ದ ಹಾವೇರಿಯ ಡೀಲರ್ ಒಬ್ಬರು ಬಂದು "ಅಕ್ಕಾ, ಉದ್ರಿ ಬಗ್ಗೆ ನೀವು ಹೇಳಿದ್ದು ನಮ್ಮ ಮನೆ ಕಥೆ" ಅಂದರು.

ಚಹಾದ ಹೊತ್ತಿನಲ್ಲಿ ಆ ಕಂಪನಿಯ ಎಚ್‌ಆರ್ ಹುಡುಗಿ ತುಂಬಾ ವಿಶ್ವಾಸದಿಂದ ಮಾತಾಡಿದಳು. "ಮೇಡಂ, ಮುಂದಿನ ಸಲ ನಿಮ್ಮ ರೇಟ್ ಸ್ವಲ್ಪ ಕಡಿಮೆ ಮಾಡಿಕೊಳ್ಳಿ, ಈ ಸಲ 1,25,000 ಮಂಜೂರು ಮಾಡಿಸೋದರೊಳಗೆ ಸಾಕಾಯ್ತು" ಅಂದಳು. ಕೈಯಲ್ಲಿದ್ದ ಲೋಟ ಕೆಳಗಿಟ್ಟೆ. ನನ್ನ ಹೆಸರಿನಲ್ಲಿ 1,25,000 ತೆಗೆದುಕೊಂಡು ನನಗೆ 40,000 ಅಂತ ಹೇಳಿದ್ದರು. ಮಧ್ಯವರ್ತಿ ಕಮಿಷನ್ ತೆಗೆದುಕೊಳ್ಳುವುದು ತಪ್ಪಲ್ಲ. ಈ ವ್ಯವಹಾರದಲ್ಲಿ ಸಾಮಾನ್ಯವಾಗಿ ಶೇ 20ರಿಂದ 30ರವರೆಗೆ ಇರುತ್ತದೆ, ಅದು ಕಂಪನಿ ಕೊಡುವ ಸಂಭಾವನೆಯಿಂದ ಮುರಿದುಕೊಳ್ಳುವುದು, ಎಷ್ಟು ಅಂತ ಮಾತಾಡಿದವರಿಗೂ ಗೊತ್ತಿರಬೇಕು. ನಮ್ಮ ದಲ್ಲಾಳಿ ಅಂಗಡಿಗಳಲ್ಲೂ ಮಾಲು ಮಾರಿದ ಮೇಲೆ ತಾನೇ ಲೆಕ್ಕ? ಮಾಲು ಅಂಗಡಿಗೆ ತರುವುದಕ್ಕೇ ರೈತ 71,000 ಕಟ್ಟಬೇಕು ಅಂದರೆ ಯಾರು ಒಪ್ಪುತ್ತಾರೆ? ನಮ್ಮಿಂದ ಮೊದಲೇ ದುಡ್ಡು ಸಿಕ್ಕಿಬಿಟ್ಟರೆ ನಮಗೆ ಕೆಲಸ ಹುಡುಕುವ ದರ್ದು ಅವರಿಗಿಲ್ಲ. ಮುಂದಿನ 32 ಜನರನ್ನು ಹುಡುಕಿದರೆ ಸಾಕು.

ಇನ್ನು ಆ 40,000ದ ಕಥೆ. ಡಿಸೆಂಬರಿನಲ್ಲಿ 15,000 ಬಂತು. "4,000 ಟಿಡಿಎಸ್ (ಮೂಲದಲ್ಲೇ ಮುರಿಯುವ ತೆರಿಗೆ) ಕಡಿದಿದ್ದೇವೆ, ಉಳಿದ 21,000 ಕಂಪನಿಯಿಂದ ಬಂದ ತಕ್ಷಣ" ಅಂದರು. ಕಂಪನಿ ಕಾರ್ಯಕ್ರಮಕ್ಕೆ ಮುಂಚೆಯೇ ಪೂರ್ತಿ ಕೊಟ್ಟಿತ್ತು, ಅದನ್ನೂ ಅದೇ ಹುಡುಗಿ ಆಮೇಲೆ ಮೆಸೇಜಿನಲ್ಲಿ ತಿಳಿಸಿದಳು. ವೃತ್ತಿ ಸಂಭಾವನೆಗೆ ಆಗಿನ ಆದಾಯ ತೆರಿಗೆ ಕಾಯ್ದೆಯ 194ಜೆ ಸೆಕ್ಷನ್ ಪ್ರಕಾರ ಶೇ 10 ಟಿಡಿಎಸ್ ಮುರಿಯುವುದು ಸರಿಯೇ ಇತ್ತು. ಆದರೆ ಮುರಿದದ್ದನ್ನು ಸರ್ಕಾರಕ್ಕೆ ಕಟ್ಟಬೇಕಿತ್ತು, ಅದಕ್ಕೆ ನಮಗೆ 16ಎ ಅನ್ನುವ ಸರ್ಟಿಫಿಕೇಟ್ ಕೊಡಬೇಕಿತ್ತು. ಅಕ್ಟೋಬರ್‌ನಿಂದ ಡಿಸೆಂಬರಿನವರೆಗಿನದ್ದು ಫೆಬ್ರುವರಿ 15ರೊಳಗೆ ಬರಬೇಕಿತ್ತು. ಬರಲಿಲ್ಲ. ಆದಾಯ ತೆರಿಗೆ ಪೋರ್ಟಲಿಗೆ ಹೋಗಿ ನನ್ನ 26ಎಎಸ್, ಅಂದರೆ ನನ್ನ ಹೆಸರಿನಲ್ಲಿ ಕಟ್ಟಿದ ತೆರಿಗೆಯ ಪಟ್ಟಿ, ತೆಗೆದೆ. ಬ್ಯಾಂಕಿನ ಬಡ್ಡಿಯ ಒಂದು ಸಾಲು ಬಿಟ್ಟರೆ ಏನೂ ಇಲ್ಲ. ಆ 4,000 ಎಲ್ಲೂ ಕಟ್ಟಿರಲೇ ಇಲ್ಲ.

ಆಗ ಅನುಮಾನ ಬಂದು ತರಬೇತಿಯ ಬಿಲ್ ತೆಗೆದೆ. ಅದರಲ್ಲಿದ್ದ ಜಿಎಸ್‌ಟಿ ನಂಬರನ್ನು ಜಿಎಸ್‌ಟಿ ಪೋರ್ಟಲಿನಲ್ಲಿ ಹಾಕಿ ನೋಡಿದೆ. ಇದಕ್ಕೆ ಲಾಗಿನ್ ಕೂಡ ಬೇಡ, ಎರಡು ನಿಮಿಷದ ಕೆಲಸ. ನಂಬರಿನಲ್ಲಿ 15 ಅಕ್ಷರ ಇರುತ್ತವೆ, ಕರ್ನಾಟಕದ್ದಾದರೆ 29ರಿಂದ ಶುರುವಾಗುತ್ತದೆ. ನಂಬರ್ ನೋಡಲು ಸರಿಯಾಗಿಯೇ ಇತ್ತು. ಆದರೆ ಆ ನೋಂದಣಿ ನಾನು ದುಡ್ಡು ಕಟ್ಟುವ ಮುಂಚೆಯೇ ರದ್ದಾಗಿತ್ತು. ಅಂದರೆ ನಾನು ತೆರಿಗೆ ಅಂತ ಕೊಟ್ಟ 8,100 ಕೂಡ ಅವರ ಜೇಬಿಗೇ ಹೋಯಿತು. ಹದಿನೆಂಟು ವರ್ಷ ಇದನ್ನೇ ಮಕ್ಕಳಿಗೆ ಹೇಳಿಕೊಟ್ಟವಳು ಕಟ್ಟುವ ಮುಂಚೆ ಆ ಎರಡು ನಿಮಿಷ ಕೊಡಲಿಲ್ಲ. ಎಷ್ಟೋ ರಾತ್ರಿ ಇದೇ ನೆನಪಾಗಿ ನಿದ್ದೆ ಬರಲಿಲ್ಲ.

ಇಷ್ಟರ ಮೇಲೆ, ರೆಸಾರ್ಟಿನಲ್ಲಿ ನಾನು ಮಾತಾಡಿದ ವಿಡಿಯೋ ಕತ್ತರಿಸಿ, 'ನಮ್ಮಲ್ಲಿ ಕಲಿತವರು ಇವತ್ತು ಇಲ್ಲಿದ್ದಾರೆ' ಅಂತ ಜಾಹೀರಾತು ಮಾಡಿದರು. ನಮ್ಮ ಊರಿನ ಇಬ್ಬರು ಅದನ್ನು ನೋಡಿಯೇ ಅವರಿಗೆ ನಂಬರ್ ಕೊಟ್ಟಿದ್ದು. ನನಗೆ ಎಲ್ಲಕ್ಕಿಂತ ಜಾಸ್ತಿ ನೋವಾಗಿದ್ದು ಇದು. 1957ರ ಹಕ್ಕುಸ್ವಾಮ್ಯ ಕಾಯ್ದೆಯ ಪ್ರಕಾರ ಸಾರ್ವಜನಿಕವಾಗಿ ಮಾಡಿದ ಭಾಷಣದ ಮೊದಲ ಹಕ್ಕು ಮಾತಾಡಿದವರದ್ದೇ. ಆದರೆ ನಾವು ಬರೆದುಕೊಟ್ಟರೆ ಅದು ಕೈಬಿಡುತ್ತದೆ. ತರಬೇತಿಯ ಫಾರಂನ ಕೊನೆಯ ಪುಟದಲ್ಲಿ ಸಣ್ಣ ಅಕ್ಷರದಲ್ಲಿ ನಾನು ಬರೆದುಕೊಟ್ಟಿದ್ದೆ. ಯಾವ ಫಾರಂ ಆದರೂ ಕೊನೆಯ ಪುಟದಿಂದ ಓದಲು ಶುರು ಮಾಡಿ.

ಚಿತ್ರದುರ್ಗದಲ್ಲಿ ನನ್ನ ಗೆಳತಿಯ ಅಣ್ಣನಿಗೆ ಇನ್ನೊಂದು ಥರ ಆಯಿತು. ಇಂಗ್ಲೆಂಡಿನ ಒಂದು ಸಮ್ಮೇಳನಕ್ಕೆ ಬನ್ನಿ, ವಿಮಾನ, ಹೋಟೆಲ್, ಸಂಭಾವನೆ ಎಲ್ಲ ನಮ್ಮದು, ವೀಸಾದ ಶುಲ್ಕ ಮಾತ್ರ ನಮ್ಮ ವಕೀಲರಿಗೆ ಕಳಿಸಿ ಅಂತ ಮೇಲ್ ಬಂದಿತ್ತು. ಅವರು ಅರ್ಧ ಕಳಿಸಿ ಆಮೇಲೆ ಎಚ್ಚೆತ್ತರು. ಬ್ರಿಟನ್ ವೀಸಾ ಅರ್ಜಿಯ ಶುಲ್ಕವನ್ನು ಅಲ್ಲಿನ ಸರ್ಕಾರದ ಜಾಲತಾಣದಲ್ಲಿ ನಾವೇ ಕಟ್ಟುವುದು, ಕರೆದವರ ಕೈಗೆ ಕೊಡುವುದಲ್ಲ. ಹೀಗೆ ದುಡ್ಡು ಹೋದರೆ ತಡ ಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ, ಬೇಗ ಹೇಳಿದಷ್ಟೂ ಖಾತೆಯಲ್ಲಿ ದುಡ್ಡು ತಡೆಯುವ ಅವಕಾಶ ಜಾಸ್ತಿ.

ನಾನು ಏನು ಮಾಡಿದೆ ಅಂತ ಕೇಳಬಹುದು. ತರಬೇತಿಯ ದುಡ್ಡಿಗೆ ನಾನು ಗ್ರಾಹಕಿ, ಹಾಗಾಗಿ ದಾವಣಗೆರೆಯ ಗ್ರಾಹಕರ ಆಯೋಗದಲ್ಲಿ ದೂರು ಕೊಟ್ಟೆ. ಸಂಸ್ಥೆ ಬೆಂಗಳೂರಿನದ್ದಾದರೂ 2019ರ ಕಾಯ್ದೆಯಂತೆ ನಾವು ವಾಸ ಇರುವ ಊರಿನಲ್ಲೇ ಕೊಡಬಹುದು. 5 ಲಕ್ಷದವರೆಗೆ ಶುಲ್ಕವಿಲ್ಲ, ವಕೀಲರೂ ಕಡ್ಡಾಯವಲ್ಲ. ಗ್ರಾಹಕರ ಸಹಾಯವಾಣಿ 1915ಕ್ಕೆ ಫೋನ್ ಮಾಡಿದರೆ ದಾರಿ ಹೇಳುತ್ತಾರೆ. ಸಂಭಾವನೆಯ 21,000ಕ್ಕೆ ಮಾತ್ರ ನಾನು ಗ್ರಾಹಕಿಯಲ್ಲ, ಸೇವೆ ಕೊಟ್ಟವಳು. ಅದಕ್ಕೆ ಬೇರೆ ದಾರಿ. ಸಣ್ಣ ಉದ್ಯಮದವರಿಗೆ ಸರ್ಕಾರ ಮಾಡಿಕೊಡುವ ಉದ್ಯಮ್ ನೋಂದಣಿ ಇದ್ದಿದ್ದರೆ 2006ರ ಎಂಎಸ್‌ಎಂಇ ಕಾಯ್ದೆಯಂತೆ ಅವರು ಹೆಚ್ಚೆಂದರೆ 45 ದಿನದಲ್ಲಿ ಕೊಡಬೇಕಿತ್ತು, ತಡವಾದರೆ ಬ್ಯಾಂಕ್ ದರದ ಮೂರು ಪಟ್ಟು ಚಕ್ರಬಡ್ಡಿ. ಆದರೆ ಕೆಲಸ ಮಾಡುವ ಮುಂಚೆಯೇ ನೋಂದಣಿ ಇರಬೇಕು ಅಂತ ವಕೀಲರು ಹೇಳಿದರು, ನನ್ನದು ಇರಲಿಲ್ಲ. ನೋಂದಣಿ ಪೂರ್ತಿ ಉಚಿತ, ಆಧಾರ್ ಮತ್ತು ಪ್ಯಾನ್ ಇದ್ದರೆ ಮನೆಯಲ್ಲೇ ಕೂತು ಮಾಡಿಕೊಳ್ಳಬಹುದು. ಮಾತಾಡುವುದನ್ನೇ ದುಡಿಮೆ ಮಾಡಿಕೊಂಡವರು ಇವತ್ತೇ ಮಾಡಿಸಿಕೊಳ್ಳಿ. ನಾನು ಈಗ ಮಾಡಿಸಿದ್ದೇನೆ.

ಕಳೆದ ತಿಂಗಳು ಹರಿಹರದ ಒಂದು ಸಹಕಾರ ಸಂಘದವರು ಸಿಬ್ಬಂದಿ ತರಬೇತಿಗೆ ಕರೆದರು. ಈ ಸಲ ನಾನೇ ಪತ್ರ ಬರೆದುಕೊಟ್ಟೆ. ಎಷ್ಟು ಹೊತ್ತು, ಎಷ್ಟು ಸಂಭಾವನೆ, ಅರ್ಧ ಮುಂಗಡ, ಉಳಿದರ್ಧ ಅದೇ ದಿನ, ವಿಡಿಯೋ ಸಂಘದ ಒಳಗಿನ ಬಳಕೆಗೆ ಮಾತ್ರ. ಬರೆಯುವಾಗ ಕೈ ನಡುಗಿತು, ಏನಂದುಕೊಳ್ಳುತ್ತಾರೋ ಅಂತ. ಕಾರ್ಯದರ್ಶಿಯವರು ಓದಿ, "ಇದು ನಮಗೂ ಒಳ್ಳೆಯದೇ ಮೇಡಂ, ಆಡಿಟ್‌ಗೆ ಬೇಕಾಗುತ್ತೆ" ಅಂತ ಸಹಿ ಹಾಕಿದರು. ಶಾಲೂ ಹೊದಿಸಿದರು.

2024ರ ಆಗಸ್ಟಿನ ಆ ತರಬೇತಿಯಲ್ಲಿ ಇದ್ದವರು ಯಾರಾದರೂ ಇದನ್ನು ಓದುತ್ತಿದ್ದರೆ ನನಗೆ ತಿಳಿಸಿ. ಬಿಲ್, ದುಡ್ಡು ಕಳಿಸಿದ ದಾಖಲೆ, ವಾಟ್ಸಾಪ್ ಮಾತುಕತೆ ಯಾವುದನ್ನೂ ಅಳಿಸಬೇಡಿ. ಗ್ರಾಹಕರ ಆಯೋಗಕ್ಕೆ ದೂರು ಕೊಡಲು ಎರಡು ವರ್ಷದ ಗಡುವು ಇರುತ್ತದೆ. ನಿಮ್ಮ ಬಿಲ್ಲಿನ ತಾರೀಕು ಒಮ್ಮೆ ನೋಡಿಕೊಳ್ಳಿ.